ನಾನು ಬರೆಸಿದ ಒಂದು ‘ಇಲ್ಲ’

ಮಧ್ಯಂತರ ಜೀವನಾಂಶದ ಆದೇಶ ಕೈಗೆ ಬಂದ ಹೆಣ್ಣುಮಕ್ಕಳನ್ನು ಮೊದಲು ಕಾಡುವ ಹೆದರಿಕೆ ಒಂದೇ: ಗಂಡ ಹೈಕೋರ್ಟಿಗೆ ಹೋದರೆ? ಹೋಗುತ್ತಾರೆ, ಬಹಳ ಜನ ಹೋಗುತ್ತಾರೆ. ಆದರೆ ಕೆಳಗಿನ ನ್ಯಾಯಾಧೀಶರು ಎರಡೂ ಕಡೆಯ ಕಾಗದಪತ್ರ ನೋಡಿ ತಾತ್ಕಾಲಿಕವಾಗಿ ನಿಗದಿ ಮಾಡಿದ ಮೊತ್ತಕ್ಕೆ ಹೈಕೋರ್ಟು ಸುಮ್ಮಸುಮ್ಮನೆ ಕೈ ಹಾಕುವುದಿಲ್ಲ. ಕೈ ಹಾಕಬೇಕಾದರೆ ಬಲವಾದ ಕಾರಣ ಬೇಕು. ನನ್ನ ಆದೇಶಕ್ಕೆ ಕೈ ಹಾಕಿತು. ಆ ಕಾರಣ ಒದಗಿಸಿದವಳು ನಾನೇ. ಪ್ರಮಾಣಪತ್ರದಲ್ಲಿ ‘ಸ್ವಂತ ಆದಾಯ’ ಎನ್ನುವ ಸಾಲಿನ ಮುಂದೆ ‘ಇಲ್ಲ’ ಎಂದು ಬರೆಸಿ, ನೋಟರಿಯ ಮುಂದೆ ನಿಂತು ಸಹಿ ಹಾಕಿದ್ದೆ.

ನನ್ನ ತವರು ಹುಬ್ಬಳ್ಳಿ. ಮದುವೆಯಾಗಿ ಹೋದದ್ದು ಅಲ್ಲಿಂದ ಬಸ್ಸಿನಲ್ಲಿ ಎರಡು ತಾಸಿನ ಊರಿಗೆ. ಗಂಡ ಖಾಸಗಿ ಕಾರ್ಖಾನೆಯೊಂದರಲ್ಲಿ ಸೂಪರ್‌ವೈಸರ್. ಸಂಸಾರ ಏಕೆ ಮುರಿಯಿತು ಎನ್ನುವುದನ್ನು ಇಲ್ಲಿ ಬರೆಯಲಾರೆ, ಅದು ಇನ್ನೂ ವಿಚಾರಣೆಯಲ್ಲಿದೆ. ಮಗಳನ್ನು ಕರೆದುಕೊಂಡು ತವರಿಗೆ ಬಂದ ಮೇಲೆ ಅವರು ವಿಚ್ಛೇದನದ ಅರ್ಜಿ ಹಾಕಿದರು. ನಾನು ಹಿಂದೂ ವಿವಾಹ ಕಾಯ್ದೆಯ 24 ಮತ್ತು 26ನೇ ಕಲಮುಗಳ ಅಡಿಯಲ್ಲಿ ನನಗೂ ಮಗಳಿಗೂ ಮಧ್ಯಂತರ ಜೀವನಾಂಶ ಕೇಳಿ ಅರ್ಜಿ ಹಾಕಿದೆ. ಮುಖ್ಯ ಕೇಸು ವರ್ಷಗಟ್ಟಲೆ ನಡೆಯುತ್ತದೆ. ಅಲ್ಲಿಯತನಕ ದುಡಿಮೆ ಇಲ್ಲದವರು ಅಥವಾ ದುಡಿಮೆ ಸಾಲದವರು ಹೊಟ್ಟೆ ಕಟ್ಟಿಕೊಂಡು ಕೂರಬಾರದು, ಕೇಸು ನಡೆಸುವುದಕ್ಕೂ ಅವರ ಕೈಯಲ್ಲಿ ನಾಲ್ಕು ಕಾಸಿರಬೇಕು ಎಂದು ಮಾಡಿದ ಏರ್ಪಾಟು ಅದು. ನೋಟಿಸು ಜಾರಿಯಾದ 60 ದಿನಗಳೊಳಗೆ ಆದಷ್ಟು ಮಟ್ಟಿಗೆ ಇಂಥ ಅರ್ಜಿಯನ್ನು ಇತ್ಯರ್ಥಗೊಳಿಸಬೇಕು ಎಂದು ಕಾಯ್ದೆಯೇ ಹೇಳುತ್ತದೆ.

ತವರಿನಲ್ಲಿ ನಾನು ಸೀರೆಗೆ ಕುಚ್ಚು ಹಾಕುತ್ತಿದ್ದೆ. ಇದು ಬಲ್ಲವರಿಗೆ ಗೊತ್ತು, ಕಣ್ಣು ಬೇಡುವ ಕೆಲಸ. ಸೆರಗಿನ ಅಂಚಿಗೆ ನೇಕಾರರು ಬಿಟ್ಟ ಬಿಡಿ ಎಳೆಗಳನ್ನು ಬಾಚಣಿಗೆಯಿಂದ ಬಿಡಿಸಬೇಕು, ಸಿಕ್ಕು ಬೀಳದಂತೆ ಸಮಸಮ ಪಾಲು ಮಾಡಿ ಗಂಟು ಹಾಕಬೇಕು, ಅದರ ಮೇಲೆ ಹೊಂದುವ ಬಣ್ಣದ ರೇಷ್ಮೆ ದಾರ ಕೂಡಿಸಿ, ಕ್ರೋಶಾ ಕಡ್ಡಿಯಿಂದ ಹೆಣೆದು, ಗಿರಾಕಿ ಕೇಳಿದರೆ ಮಣಿ ಪೋಣಿಸಬೇಕು. ದಾರದ ಬಣ್ಣ ಒಂದಿಷ್ಟು ಹೆಚ್ಚುಕಡಿಮೆಯಾದರೂ ಸೀರೆಯ ಒಡತಿಗೆ ಗೊತ್ತಾಗುತ್ತದೆ. ಸಾದಾ ಕುಚ್ಚಿಗೆ 200 ರೂಪಾಯಿ, ಕ್ರೋಶಾ ಮಾಡಿ ಮಣಿ ಹಾಕಿದರೆ 600, ಮದುವಣಗಿತ್ತಿಯ ಸೀರೆಗೆ ಸಾವಿರದ ಮೇಲೆ. ಲಗ್ನದ ಹಂಗಾಮಿನಲ್ಲಿ ತಿಂಗಳಿಗೆ ಎಂಟೊಂಬತ್ತು ಸಾವಿರ ಬಂದದ್ದೂ ಉಂಟು. ಆಷಾಢದಲ್ಲಿ ಯಾರೂ ಹೊಸ ಸೀರೆ ತೆಗೆಯುವುದಿಲ್ಲ, ಆಗ ಸಾವಿರ ಕಂಡರೆ ಪುಣ್ಯ. ವರ್ಷವಿಡೀ ಕೂಡಿಸಿ ಭಾಗಿಸಿದರೆ ತಿಂಗಳಿಗೆ ನಾಲ್ಕು, ನಾಲ್ಕೂವರೆ ಸಾವಿರ. ಅದರಲ್ಲಿ ದಾರ, ಮಣಿಯ ಖರ್ಚು ಬೇರೆ.

ಗಂಡನ ಮನೆಯಲ್ಲಿದ್ದಾಗಲೇ ಇದನ್ನು ಕಲಿತಿದ್ದೆ. ಅಲ್ಲಿ ಇದಕ್ಕೆ ‘ಟೈಮ್‌ಪಾಸ್’ ಎಂದು ಹೆಸರು. ಬಂದ ದುಡ್ಡು ಮಗಳ ಪೆನ್ಸಿಲ್ಲು, ತರಕಾರಿ, ಅತ್ತೆಯ ಗುಳಿಗೆಗಳಲ್ಲಿ ಹೆಸರಿಲ್ಲದೆ ಕರಗುತ್ತಿತ್ತು. ತವರಿಗೆ ಬಂದ ಮೇಲೆ ಫೋನ್‌ಪೇ ಹಾಕಿಸಿಕೊಂಡು ಕ್ಯೂಆರ್ ಚೀಟಿಯನ್ನು ಗೋಡೆಗೆ ಅಂಟಿಸಿದ ದಿನ ನನಗೆ ಆದ ಖುಷಿ ಬೇರೆ ಯಾರಿಗೂ ಅರ್ಥವಾಗಿರಲಿಕ್ಕಿಲ್ಲ. ಅದು ನನ್ನ ಹೆಸರಿನಲ್ಲಿ ಬರುತ್ತಿದ್ದ ಮೊದಲ ದುಡ್ಡು.

ಅದನ್ನೇ ನಾನು ‘ಇಲ್ಲ’ ಎಂದೆ.

ಏಕೆ ಎಂದು ಈಗ ಕೇಳಿಕೊಂಡರೆ ಒಂದಲ್ಲ, ಮೂರ್ನಾಲ್ಕು ಕಾರಣ ಸಿಗುತ್ತವೆ, ಯಾವುದೂ ದುರಾಸೆಯದ್ದಲ್ಲ. ನಮ್ಮ ಚಿಗವ್ವ ತನ್ನ ಮಗಳ ಕೇಸಿಗಾಗಿ ಕೋರ್ಟು ಅಲೆದವಳು. “ಕೈಯಾಗ ನಾಕು ರೊಕ್ಕ ಓಡ್ಯಾಡ್ತಾವು ಅಂತ ಗೊತ್ತಾದ್ರ ಸಾಹೇಬ್ರು ‘ದುಡಕೊಂಡು ತಿನ್ನವ್ವ’ ಅಂತಾರ. ಏನೂ ಇಲ್ಲ ಅನ್ನು” ಎಂದಳು. ಅವಳ ಮಾತಿಗೆ ನನ್ನ ಮನಸ್ಸು ಆಗಲೇ ಸಿದ್ಧವಾಗಿತ್ತು. ಕೇಳುವವರು ಬರಿಗೈ ತೋರಿಸಬೇಕು, ಇಲ್ಲದಿದ್ದರೆ ಕೊಡುವವರಿಗೆ ಕರುಣೆ ಬರುವುದಿಲ್ಲ ಎಂದೇ ನಾನೂ ನಂಬಿದ್ದೆ. ಇನ್ನೊಂದು ಹೆದರಿಕೆಯೂ ಇತ್ತು. ನನಗೆ ವಕೀಲರನ್ನು ಕೊಟ್ಟದ್ದು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ, ಅದೂ ಪುಕ್ಕಟೆ. ಆದಾಯ ಇದೆ ಎಂದರೆ ಆ ನೆರವೂ ತಪ್ಪಿಹೋದರೆ ಏನು ಗತಿ ಎಂದು ಅಂಜಿದ್ದೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನ ಪ್ರಕಾರ ಹೆಣ್ಣುಮಕ್ಕಳಿಗೆ ಉಚಿತ ಕಾನೂನು ನೆರವು ಸಿಗಲು ಆದಾಯದ ಮಿತಿಯೇ ಇಲ್ಲ. ಇದು ನನಗೆ ತಿಳಿದದ್ದು ಎಲ್ಲ ಮುಗಿದ ಮೇಲೆ.

ವಕೀಲರ ತಪ್ಪು ಎಳ್ಳಷ್ಟೂ ಇರಲಿಲ್ಲ. ಇದನ್ನು ಸ್ಪಷ್ಟವಾಗಿ ಬರೆಯಬೇಕು, ಏಕೆಂದರೆ ಮನೆಯಲ್ಲಿ ಇವತ್ತಿಗೂ ಎಲ್ಲರೂ ಅವರನ್ನೇ ಬೈಯುತ್ತಾರೆ. ಆ ಮೇಡಂ ಪ್ರಮಾಣಪತ್ರದ ನಮೂನೆಯನ್ನು ಮುಂದಿಟ್ಟುಕೊಂಡು ಒಂದೊಂದೇ ಸಾಲು ಓದಿ ಕೇಳಿದ್ದರು.

“ಅಕ್ಕಾರ, ಸ್ವಂತದ್ದು ಏನರ ಆದಾಯ ಐತೇನ್ರಿ? ಟ್ಯೂಷನ್ನು, ಹೊಲಿಗಿ, ಬಾಡಿಗಿ, ಸಣ್ಣದಿದ್ರೂ ಹೇಳ್ರಿ.”

“ಏನೂ ಇಲ್ರಿ ಮೇಡಂ.”

“ಬ್ಯಾಂಕಿನ ಪಾಸ್‌ಬುಕ್ಕು?”

“ಐತ್ರಿ, ಅದರಾಗೇನೂ ವ್ಯವಹಾರ ಇಲ್ರಿ.”

ಹಳೆಯ ಉಳಿತಾಯ ಖಾತೆಯ ಪಾಸ್‌ಬುಕ್ಕು ಕೊಟ್ಟೆ. ಫೋನ್‌ಪೇಗೆ ಜೋಡಿಸಿದ್ದ ಖಾತೆ ಇನ್ನೊಂದು ಬ್ಯಾಂಕಿನದು, ಅದರ ಸುದ್ದಿ ಎತ್ತಲಿಲ್ಲ. ಅವರು ನನ್ನ ಮುಖ ನೋಡಿ ಒಂದು ಕ್ಷಣ ಸುಮ್ಮನಾಗಿ, ಬರೆದುಕೊಂಡರು.

ಆ ನಮೂನೆಯ ಬಗ್ಗೆ ಎರಡು ಮಾತು ಹೇಳಬೇಕು. ಮುಂಚೆ ಜೀವನಾಂಶದ ಅರ್ಜಿಯಲ್ಲಿ ಹೆಂಡತಿ ಗಂಡನ ಸಂಬಳವನ್ನು ಏರಿಸಿ ಬರೆಯುವುದು, ಗಂಡ ಇಳಿಸಿ ಬರೆಯುವುದು, ನ್ಯಾಯಾಧೀಶರು ನಡುವೆ ಎಲ್ಲೋ ಅಂದಾಜು ಹಾಕುವುದು ನಡೆದಿತ್ತು. 2020ರ ನವೆಂಬರ್ 4ರಂದು ಸುಪ್ರೀಂ ಕೋರ್ಟು ರಜನೇಶ್ ವಿರುದ್ಧ ನೇಹಾ ಪ್ರಕರಣದಲ್ಲಿ ಕೊಟ್ಟ ತೀರ್ಪು ಇದಕ್ಕೆ ಕೊನೆ ಹಾಡಲು ನೋಡಿತು. ನ್ಯಾಯಮೂರ್ತಿಗಳಾದ ಇಂದು ಮಲ್ಹೋತ್ರಾ ಮತ್ತು ಆರ್. ಸುಭಾಷ್ ರೆಡ್ಡಿ ಅವರ ಪೀಠ ಅದು. ಗಂಡ, ಹೆಂಡತಿ ಇಬ್ಬರೂ ತಮ್ಮ ಆಸ್ತಿ, ಸಾಲ, ಆದಾಯ, ಖರ್ಚು, ಒಡವೆ, ಬ್ಯಾಂಕಿನ ವಿವರ ಎಲ್ಲವನ್ನೂ ಪ್ರಮಾಣ ಮಾಡಿ ಸಲ್ಲಿಸಬೇಕು ಎಂದು ನಮೂನೆಯನ್ನೇ ತೀರ್ಪಿಗೆ ಲಗತ್ತಿಸಿತು. ಒಕ್ಕಲುತನದವರಿಗೆ ಬೇರೆಯದೇ ನಮೂನೆ ಇದೆ. ಮಧ್ಯಂತರ ಅರ್ಜಿ ನಾಲ್ಕರಿಂದ ಆರು ತಿಂಗಳೊಳಗೆ ತೀರ್ಮಾನವಾಗಬೇಕು, ಜೀವನಾಂಶ ಅರ್ಜಿ ಹಾಕಿದ ದಿನದಿಂದ ಸಿಗಬೇಕು ಎಂದೂ ಹೇಳಿತು. ಹೆಣ್ಣುಮಕ್ಕಳಿಗೆ ದೊಡ್ಡ ಆಸರೆ ಈ ತೀರ್ಪು. ಅದರಲ್ಲೇ ಇನ್ನೊಂದು ಮಾತೂ ಇದೆ: ಪ್ರಮಾಣಪತ್ರದಲ್ಲಿ ಸುಳ್ಳು ಹೇಳಿದರೆ, ಮುಚ್ಚಿಟ್ಟರೆ, ಸುಳ್ಳು ಸಾಕ್ಷ್ಯದ ಕ್ರಮವನ್ನೂ ನ್ಯಾಯಾಲಯ ಕೈಗೊಳ್ಳಬಹುದು. ಮೇಡಂ ಅದನ್ನೂ ಓದಿ ಹೇಳಿದ್ದರು. ಅದು ಸಂಬಳ ಮುಚ್ಚಿಡುವ ಗಂಡಂದಿರಿಗೆ ಹೇಳಿದ್ದು ಎಂದುಕೊಂಡೆ.

2022ರಲ್ಲಿ ಆದೇಶ ಬಂತು. ನನಗೆ ತಿಂಗಳಿಗೆ 10,000, ಮಗಳಿಗೆ 5,000, ಕೇಸಿನ ಖರ್ಚಿಗೆಂದು ಒಂದು ಸಲ 20,000, ಅರ್ಜಿ ಹಾಕಿದ ದಿನದಿಂದ. ಚಿಗವ್ವ ಪೇಢೆ ತಂದಳು.

ಇಂಥ ಆದೇಶವನ್ನು ಪ್ರಶ್ನಿಸುವ ದಾರಿಗಳು ಕಾನೂನಿನಿಂದ ಕಾನೂನಿಗೆ ಬೇರೆ. ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಮ್ಯಾಜಿಸ್ಟ್ರೇಟರು ಮಧ್ಯಂತರ ಹಣ ಕೊಡಿಸಿದರೆ 29ನೇ ಕಲಮಿನ ಅಡಿ 30 ದಿನದೊಳಗೆ ಸೆಷನ್ಸ್ ನ್ಯಾಯಾಲಯಕ್ಕೆ ಮೇಲ್ಮನವಿ ಹೋಗಬಹುದು. ಕೌಟುಂಬಿಕ ನ್ಯಾಯಾಲಯದ ವಿಷಯ ಹಾಗಲ್ಲ. 1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 19ನೇ ಕಲಮು ಮಧ್ಯಂತರ ಸ್ವರೂಪದ ಆದೇಶಗಳನ್ನು ಮೇಲ್ಮನವಿಯಿಂದ ಹೊರಗಿಟ್ಟಿದೆ. ಹಾಗಾಗಿ ನಮ್ಮ ಕರ್ನಾಟಕದಲ್ಲಿ ಗಂಡಂದಿರು (ಕೊಟ್ಟದ್ದು ಸಾಲದು ಎನ್ನುವ ಹೆಂಡತಿಯರೂ) ಸಂವಿಧಾನದ 227ನೇ ವಿಧಿಯ ಅಡಿ ರಿಟ್ ಅರ್ಜಿ ಹಾಕುತ್ತಾರೆ. ಹೈಕೋರ್ಟಿನ ಪಟ್ಟಿಯಲ್ಲಿ ರಿಟ್ ನಂಬರಿನ ಮುಂದೆ ‘ಜಿಎಂ-ಎಫ್‌ಸಿ’ ಎಂದು ಕಂಡರೆ ಅದು ಇಂಥದ್ದು. 227ನೇ ವಿಧಿಯಲ್ಲಿ ಹೈಕೋರ್ಟು ಮಾಡುವುದು ಮೇಲ್ವಿಚಾರಣೆ. ಕೆಳಗಿನವರು ತಮ್ಮ ಅಧಿಕಾರ ಮೀರಿದ್ದಾರೆಯೇ, ಕಣ್ಣಿಗೆ ರಾಚುವ ತಪ್ಪು ಮಾಡಿದ್ದಾರೆಯೇ ಎಂದು ನೋಡುತ್ತದೆ. ಹತ್ತು ಸಾವಿರ ಹೆಚ್ಚಾಯಿತು, ಎಂಟು ಸಾಕಿತ್ತು ಎಂದು ಲೆಕ್ಕ ತಿದ್ದಲು ಕೂರುವುದಿಲ್ಲ. ಈ ಮಾತನ್ನು ಮೇಡಂ ನನಗೆ ಹೇಳಿ ಧೈರ್ಯ ತುಂಬಿದ್ದರು. “ಹೋದ್ರೂ ಹೋಗ್ಲಿ ಬಿಡ್ರಿ, ಅಲ್ಲಿ ಇದು ನಿಲ್ಲತೈತಿ.”

ಧಾರವಾಡ ಪೀಠದಿಂದ ನೋಟಿಸು ಬಂತು. ಜೊತೆಗೆ ದಪ್ಪ ಕಡತದ ಪ್ರತಿ. ಮೊದಲ ಪುಟಗಳಲ್ಲಿ ನಾನು ಊಹಿಸಿದ್ದೇ ಇತ್ತು: ತಂದೆತಾಯಿಗೆ ಔಷಧ, ಸೊಸೈಟಿ ಸಾಲದ ಕಂತು, ಕೈಗೆ ಬರುವುದು ಅಷ್ಟಕ್ಕಷ್ಟೆ. ಹಿಂದಿನ ಪುಟಗಳಲ್ಲಿ ನನ್ನ ವಾಟ್ಸ್ಆ್ಯಪ್ ಸ್ಟೇಟಸ್ಸುಗಳಿದ್ದವು. ‘ಎಲ್ಲ ನಮೂನೆಯ ಕುಚ್ಚು ಹಾಕಿಕೊಡಲಾಗುವುದು, ಮದುವೆ ಆರ್ಡರಿಗೆ ವಿಶೇಷ ರಿಯಾಯಿತಿ’ ಎಂದು ನಾನೇ ಬರೆದ ಸಾಲು, ಕೆಳಗೆ ನನ್ನ ನಂಬರು. ಮುಗಿಸಿದ ಹತ್ತಾರು ಸೀರೆಗಳ ಫೋಟೊ. ಗೋಡೆಯ ಕ್ಯೂಆರ್ ಚೀಟಿ, ಅದರ ಕೆಳಗೆ ನನ್ನ ಹೆಸರು. ಎಲ್ಲವೂ ಲಗ್ನದ ಹಂಗಾಮಿನ ತಿಂಗಳುಗಳವು. ಅವರ ಕಡೆಯ ಹೆಣ್ಣುಮಗಳೊಬ್ಬಳ ನಂಬರು ನನ್ನ ಫೋನಿನಲ್ಲಿ ಹಾಗೇ ಉಳಿದಿತ್ತು. ಅವಳಿಗೆ ಕಾಣುವ ಸ್ಟೇಟಸ್ಸು ಕೋರ್ಟಿಗೂ ಕಾಣುತ್ತದೆ ಎಂದು ಹೊಳೆದಿರಲಿಲ್ಲ. ಅರ್ಜಿಯಲ್ಲಿ ಬರೆದಿತ್ತು: ಎದುರುದಾರಳು ಸೀರೆ ಅಲಂಕಾರದ ಉದ್ಯಮ ನಡೆಸುತ್ತಿದ್ದು ಮಾಸಿಕ 30,000ಕ್ಕೂ ಹೆಚ್ಚು ಗಳಿಸುತ್ತಾಳೆ, ಅದನ್ನು ಪ್ರಮಾಣಪೂರ್ವಕವಾಗಿ ಮರೆಮಾಚಿದ್ದಾಳೆ.

ಮೂವತ್ತು ಸಾವಿರ ಶುದ್ಧ ಸುಳ್ಳು. ‘ಮರೆಮಾಚಿದ್ದಾಳೆ’ ನಿಜ. ಟೈಮ್‌ಪಾಸ್ ಎಂದವರು ಈಗ ಉದ್ಯಮ ಎನ್ನುತ್ತಿದ್ದರು, ಅದನ್ನು ನೋಡಿ ಎದೆ ಉರಿಯಿತು. ಆದರೆ ಅದಕ್ಕಿಂತ ಹೆಚ್ಚು ಉರಿದದ್ದು ಬೇರೆ ವಿಷಯಕ್ಕೆ. ನನ್ನ ಕೈಕೆಲಸಕ್ಕೆ ಬೆಲೆಯಿಲ್ಲ ಎಂದು ಅವರು ಬಾಯಿಮಾತಿನಲ್ಲಿ ಹೇಳಿದ್ದನ್ನು ನಾನು ಛಾಪಾ ಕಾಗದದ ಮೇಲೆ ಬರೆದುಕೊಟ್ಟಿದ್ದೆ.

ಮೇಡಂ ಪುಟ ತಿರುವಿ ತಿರುವಿ ನೋಡಿದರು. “ಇದು ನಿಮ್ಮ ನಂಬರ್ ಹೌದಲ್ರಿ?” “ಹೌದ್ರಿ.” ಬಹಳ ಹೊತ್ತಿನ ಮೇಲೆ ಅಂದರು: “ನನಗ ಒಂದ್ ಮಾತು ಹೇಳಬಾರದಿತ್ತೇನ್ರಿ ಅಕ್ಕಾರ?” ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

ಹೈಕೋರ್ಟಿನಲ್ಲಿ ನನ್ನ ಪರ ನಿಂತವರು ಅಲ್ಲಿನ ಕಾನೂನು ಸೇವಾ ಸಮಿತಿಯ ಮೂಲಕ ಸಿಕ್ಕ ಹಿರಿಯರು. ಕಡತ ಓದಿ ಮುಗಿಸಿ ಕನ್ನಡಕ ತೆಗೆದು ಒಂದೇ ಮಾತು ಹೇಳಿದರು: “ತಂಗಿ, ನಾಕು ಸಾವಿರ ಬರತೈತಿ ಅಂತ ಅವತ್ತ ಹಾಕಿದ್ರ ಈ ರಿಟ್ಟಿಗೆ ಕಾಲೇ ಇರ್ತಿರಲಿಲ್ಲ.” ಆಮೇಲೆ ಬಿಡಿಸಿ ಹೇಳಿದರು. ದುಡಿಯುವ ಹೆಂಡತಿಗೆ ಜೀವನಾಂಶ ಸಿಗುವುದಿಲ್ಲ ಎನ್ನುವುದು ಜನ ಕಟ್ಟಿಕೊಂಡ ಮಾತು. 24ನೇ ಕಲಮು ನೋಡುವುದು ಆಕೆಯ ಸ್ವಂತ ಆದಾಯ ಅವಳ ಜೀವನಕ್ಕೂ ಕೇಸಿನ ಖರ್ಚಿಗೂ ಸಾಕಾಗುತ್ತದೆಯೇ ಎಂಬುದನ್ನು. 2007ರಲ್ಲೇ ಚತುರ್ಭುಜ ವಿರುದ್ಧ ಸೀತಾಬಾಯಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಮಿನ ಸಂದರ್ಭದಲ್ಲಿ (ಈಗ ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144), ಹೆಂಡತಿ ಪೂರಾ ನಿರ್ಗತಿಕಳಾಗಿರಬೇಕಿಲ್ಲ, ಅಲ್ಪಸ್ವಲ್ಪ ಗಳಿಸುತ್ತಾಳೆ ಎಂಬ ಕಾರಣಕ್ಕೇ ಅವಳನ್ನು ಬರಿಗೈಲಿ ಕಳಿಸುವಂತಿಲ್ಲ ಎಂದಿದೆ. ಗಂಡನ ಜೊತೆಯಲ್ಲಿದ್ದಾಗ ಬಾಳಿದ ಮಟ್ಟಕ್ಕೆ ಹತ್ತಿರವಾಗಿ ಬಾಳಲು ಆ ಗಳಿಕೆ ಸಾಲುತ್ತದೆಯೇ ಎಂದು ನೋಡಬೇಕು. ದುಡಿಯಬಲ್ಲಳು ಎನ್ನುವುದು ಬೇರೆ, ದುಡಿಯುತ್ತಿದ್ದಾಳೆ ಎನ್ನುವುದು ಬೇರೆ ಎಂದೂ ಅದೇ ಕೋರ್ಟು 2017ರಲ್ಲಿ ಹೇಳಿದೆ.

ಕೇಳುತ್ತಾ ಕೂತವಳಿಗೆ ಅಳು ಬಂತು. ನಾನು ಕಳೆದುಕೊಳ್ಳುವ ಭಯದಲ್ಲಿ ಮುಚ್ಚಿಟ್ಟದ್ದು, ಹೇಳಿದ್ದರೂ ನನ್ನಿಂದ ಏನನ್ನೂ ಕಸಿದುಕೊಳ್ಳದ ಸಂಗತಿ. ನಾಲ್ಕೂವರೆ ಸಾವಿರ ಎಂದು ಬರೆದಿದ್ದರೆ ಹತ್ತು ಸಾವಿರ ಎಂಟೊ ಒಂಬತ್ತೊ ಆಗುತ್ತಿತ್ತು. ಮಗಳ ಐದು ಸಾವಿರ ಹಾಗೇ ಇರುತ್ತಿತ್ತು. ಗಂಡ ತಂದ ಸ್ಕ್ರೀನ್‌ಶಾಟುಗಳು ನಾನೇ ಹೇಳಿದ್ದನ್ನು ಮತ್ತೆ ಹೇಳುವ ಕಾಗದಗಳಾಗಿ ಉಳಿಯುತ್ತಿದ್ದವು.

ಮೊದಲ ದಿನವೇ ಆದೇಶಕ್ಕೆ ತಡೆ ಸಿಕ್ಕಿತ್ತು, ಬಾಕಿಯ ಅರ್ಧದಷ್ಟನ್ನು ಕೆಳಗಿನ ನ್ಯಾಯಾಲಯದಲ್ಲಿ ಠೇವಣಿ ಇಡಬೇಕೆಂಬ ಷರತ್ತಿನ ಮೇಲೆ. ಠೇವಣಿ ಎಂದರೆ ನನ್ನ ಕೈಗೆ ಬಂದಂತೆ ಅಲ್ಲ, ಅದನ್ನು ಬಿಡಿಸಿಕೊಳ್ಳಲು ಮತ್ತೊಂದು ಅರ್ಜಿ. ಅದಕ್ಕೂ ಅವರು ತಕರಾರು ಹಾಕಿದರು, ಹಾಕುವ ಧೈರ್ಯ ಕೊಟ್ಟವಳೂ ನಾನೇ. ಜೂನ್ ಬಂತು. ಮಗಳ ಶಾಲೆಯ ಫೀಸಿಗೆ ಅವ್ವ ಕಿವಿಯೋಲೆ ಒತ್ತೆಯಿಟ್ಟಳು. ತಮ್ಮನ ಹೆಂಡತಿ ಬಾಯಿಬಿಟ್ಟು ಏನೂ ಅನ್ನಲಿಲ್ಲ, ಆದರೆ ಆ ತಿಂಗಳು ಸಂತೆಯ ಚೀಲ ನನ್ನೆದುರೇ ತೂಗಿ ನೋಡಿದಳು. ಅವಳನ್ನು ದೂರುತ್ತಿಲ್ಲ. ಆದೇಶ ಬಂದ ದಿನ ಪೇಢೆ ತಿಂದವರಿಗೆಲ್ಲ ಆ ದುಡ್ಡು ಎಲ್ಲಿ ಎಂದು ಕೇಳುವ ಹಕ್ಕು ಇತ್ತು.

ಧಾರವಾಡ ಪೀಠದ ಕಟ್ಟಡ ಊರಿಂದ ಹೊರಗೆ, ಬೇಲೂರಿನ ಕಡೆ, ಹೆದ್ದಾರಿಯ ಪಕ್ಕದಲ್ಲಿದೆ. ಬಸ್ಸಿನಿಂದ ಇಳಿದು ನಡೆಯುವಾಗ ಬಿಸಿಲಿಗೆ ಕಣ್ಣು ಬಿಡಲಾಗುವುದಿಲ್ಲ. ವಾದ ಕೇಳಲು ನಾನು ಬರಬೇಕಿರಲಿಲ್ಲ, ವಕೀಲರೂ ಬೇಡ ಎಂದಿದ್ದರು, ಆದರೂ ಹೋದೆ. ಹಿಂದಿನ ಬೆಂಚಿನಲ್ಲಿ ಕೂತಿದ್ದೆ. ನಮ್ಮ ಸರದಿ ಬಂದಾಗ ಎಲ್ಲ ಹತ್ತು ನಿಮಿಷದಲ್ಲಿ ಮುಗಿಯಿತು. ನ್ಯಾಯಮೂರ್ತಿಗಳು ನನ್ನ ಗಂಡನ ಸಂಬಳದ ಕಡಿತಗಳ ಪಟ್ಟಿ ನೋಡಿ, ಸೊಸೈಟಿ ಸಾಲದ ಕಂತನ್ನು ತೋರಿಸಿ ಹೆಂಡತಿ ಮಕ್ಕಳ ಪಾಲು ಇಳಿಸಲಾಗದು ಎಂದು ಅವರ ವಕೀಲರಿಗೆ ಹೇಳಿದರು. ನನ್ನ ಎದೆ ಹಗುರವಾಯಿತು. ಆಮೇಲೆ ನಮ್ಮ ಕಡೆಗೆ ತಿರುಗಿದರು: ಪ್ರಮಾಣಪತ್ರದಲ್ಲಿ ಆದಾಯ ಇಲ್ಲ ಎಂದಿದೆ, ಈ ಫೋನ್ ನಂಬರು ಅವರದೇ ಹೌದೋ ಅಲ್ಲವೋ? ನಮ್ಮ ವಕೀಲರು ಹೌದು ಎಂದರು, ಆದಾಯ ಸಣ್ಣದು, ಹಂಗಾಮಿನದು ಎಂದು ವಿವರಿಸಲು ಹೊರಟರು. ಸಣ್ಣದಾಗಿದ್ದರೆ ಸಣ್ಣದೆಂದು ಬರೆಯಲು ಏನು ಅಡ್ಡಿ ಇತ್ತು ಎಂದು ಕೇಳಿದರು ನ್ಯಾಯಮೂರ್ತಿಗಳು. ಧ್ವನಿಯಲ್ಲಿ ಸಿಟ್ಟಿರಲಿಲ್ಲ. ಅದಕ್ಕೆ ಕೊಡುವ ಉತ್ತರ ನಮ್ಮ ವಕೀಲರಲ್ಲಿ ಇರಲಿಲ್ಲ, ನನ್ನಲ್ಲೂ ಇರಲಿಲ್ಲ.

ಮೊತ್ತ ನಿಗದಿಪಡಿಸಿದ ಭಾಗವನ್ನು ರದ್ದುಮಾಡಿ ಕೇಸನ್ನು ವಾಪಸು ಕಳಿಸಿದರು. ಇಬ್ಬರೂ ಹೊಸದಾಗಿ, ಪೂರ್ಣವಾಗಿ ಪ್ರಮಾಣಪತ್ರ ಕೊಡಬೇಕು, ಎಲ್ಲ ಖಾತೆಗಳ ವಿವರ ಹಾಕಬೇಕು, ಅಲ್ಲಿಯವರೆಗೆ ಹಿಂದಿನ ಮೊತ್ತದ ಅರ್ಧ ಕೊಡುತ್ತ ಹೋಗಬೇಕು ಎಂದು ಆದೇಶವಾಯಿತು. ಸುಳ್ಳು ಸಾಕ್ಷ್ಯದ ಕ್ರಮ ಬೇಕೆಂದು ಅವರ ಕಡೆಯವರು ಕೇಳಿದ್ದನ್ನು ಪುರಸ್ಕರಿಸಲಿಲ್ಲ, ಅಷ್ಟು ಕರುಣೆ ತೋರಿದರು. ಆದರೆ ಆದೇಶದಲ್ಲಿ ಒಂದು ಸಾಲು ಉಳಿಯಿತು: ಪತ್ನಿಯು ತನ್ನ ಆದಾಯದ ಸಂಗತಿಯನ್ನು ನ್ಯಾಯಾಲಯದಿಂದ ಮರೆಮಾಚಿರುವುದು ಕಂಡುಬರುತ್ತದೆ. ನಾನು ತೆತ್ತ ನಿಜವಾದ ಬೆಲೆ ಆ ಸಾಲು, ದುಡ್ಡಲ್ಲ.

ಎರಡನೇ ಸಲದ ಪ್ರಮಾಣಪತ್ರಕ್ಕೆ ಕೂತಾಗ ಮೇಡಂ ಪ್ರತಿ ತಿಂಗಳ ಲೆಕ್ಕ ಕೇಳಿದರು. ಫೋನ್‌ಪೇ ಖಾತೆಯ ಮೂರು ವರ್ಷದ ಸ್ಟೇಟ್‌ಮೆಂಟು ತೆಗೆಸಿದೆವು. ನಗದು ಬಂದದ್ದನ್ನು ನೆನಪಿನಿಂದ ಬರೆದೆ. ದಾರದ ಅಂಗಡಿಯ ಬಿಲ್ಲುಗಳು ಕೆಲವೇ ಸಿಕ್ಕವು, ಆ ಖರ್ಚು ತೋರಿಸಲು ಕಷ್ಟವಾಯಿತು. ಅಜ್ಜಿ ಕೊಟ್ಟ ಎರಡು ಬಳೆ, ಅವ್ವನ ಓಲೆ ಒತ್ತೆಯಿಟ್ಟು ಫೀಸು ಕಟ್ಟಿದ್ದು, ತಮ್ಮನಿಂದ ತೆಗೆದುಕೊಂಡ ಕೈಗಡ, ಎಲ್ಲ ಹಾಕಿದೆ. ಅರ್ಧ ದಿನ ಬೇಕಾಯಿತು. ಆದಾಯವನ್ನು ತೋರಿಸುವ ಹಾಳೆ ಖರ್ಚನ್ನೂ ತೋರಿಸುತ್ತದೆ ಎನ್ನುವುದು ಬರೆಯುವಾಗಲೇ ಗೊತ್ತಾದದ್ದು. ಮೊದಲ ಸಲ ‘ಇಲ್ಲ’ ಎಂದು ಬರೆಸಿದಾಗ ನನ್ನ ಬದುಕು ಹೇಗೆ ನಡೆಯುತ್ತಿದೆ ಎನ್ನುವುದಕ್ಕೂ ಕಾಗದದ ಮೇಲೆ ಲೆಕ್ಕ ಇರಲಿಲ್ಲ. ಈಗ ಯಾವ ತಿಂಗಳು ಎಷ್ಟು ಕೊರತೆ ಬಿತ್ತು ಎಂದು ಯಾರು ಬೇಕಾದರೂ ನೋಡಬಹುದಿತ್ತು.

ಗಂಡನ ಹೊಸ ಪ್ರಮಾಣಪತ್ರದಲ್ಲಿ ಹಳ್ಳಿಯ ಮಳಿಗೆಯ ಬಾಡಿಗೆ ಕಾಣಿಸಿರಲಿಲ್ಲ. ನನಗೆ ಗೊತ್ತಿತ್ತು, ಪ್ರತಿ ತಿಂಗಳು ಅತ್ತೆಯ ಕೈಗೆ ಬರುತ್ತಿದ್ದುದನ್ನು ಕಣ್ಣಾರೆ ಕಂಡಿದ್ದೆ. ಎತ್ತಿ ಹೇಳಿದೆವು. ಅವರ ವಕೀಲರು ಎದ್ದು, ಹೈಕೋರ್ಟಿನ ಆ ಸಾಲನ್ನು ಓದಿದರು: ಸ್ವತಃ ಮರೆಮಾಚಿದವರು ಇನ್ನೊಬ್ಬರ ಮೇಲೆ ಮಾಡುವ ಆರೋಪಕ್ಕೆ ಬೆಲೆ ಏನು? ಪಂಚಾಯಿತಿಯಿಂದ ಮಳಿಗೆಯ ಕರದ ರಸೀದಿಯ ನಕಲು ತರುವತನಕ ನನ್ನ ಮಾತು ನಿಲ್ಲಲಿಲ್ಲ. ಮುಂಚೆ ಆಗಿದ್ದರೆ ನನ್ನ ಪ್ರಮಾಣದ ಮಾತಿಗೆ ಸ್ವಲ್ಪ ತೂಕ ಇರುತ್ತಿತ್ತೋ ಏನೋ. ಕೌಟುಂಬಿಕ ನ್ಯಾಯಾಲಯದಲ್ಲಿ ಸಾಕ್ಷ್ಯ ಕಾನೂನಿನ ಬಿಗಿ ಸಡಿಲ. ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 14ನೇ ಕಲಮಿನ ಪ್ರಕಾರ ವಿವಾದ ಬಗೆಹರಿಸಲು ನೆರವಾಗುವ ಯಾವ ಕಾಗದವನ್ನಾದರೂ ಸ್ವೀಕರಿಸಬಹುದು. ನನ್ನ ವಿರುದ್ಧ ಸ್ಕ್ರೀನ್‌ಶಾಟುಗಳನ್ನು ಒಳಗೆ ಬಿಟ್ಟ ಅದೇ ಬಾಗಿಲಿನಿಂದ ಆ ರಸೀದಿಯೂ ಒಳಗೆ ಹೋಯಿತು.

ಹೊಸ ಆದೇಶದಲ್ಲಿ ನನಗೆ 7,000, ಮಗಳಿಗೆ 6,000. ಮಗಳದು ಏರಿತು, ನನ್ನದು ಇಳಿಯಿತು. ಇದನ್ನು ಪ್ರಶ್ನಿಸಿ ಗಂಡ ಮತ್ತೆ ಹೈಕೋರ್ಟಿಗೆ ಹೋಗಲಿಲ್ಲ. ಹೋಗಲು ಹಿಡಿಯುವ ಜಾಗ ಈ ಸಲ ಸಿಗಲಿಲ್ಲ ಎಂದರು ನಮ್ಮ ಹಿರಿಯ ವಕೀಲರು. ಬಾಕಿಯಲ್ಲಿ ಹಿಂದೆ ಠೇವಣಿ ಇಟ್ಟದ್ದನ್ನು ಕಳೆದು, ಉಳಿದದ್ದನ್ನು ಕಂತಿನಲ್ಲಿ ಕೊಡುತ್ತಿದ್ದಾರೆ.

ಕಳೆದ ವರ್ಷ ಮುಖ್ಯ ಕೇಸಿನಲ್ಲಿ ನನ್ನ ಪಾಟೀಸವಾಲು ಆಯಿತು. ಎದುರು ವಕೀಲರು ಮೊದಲು ಕೇಳಿದ್ದೇ ಅದು. ದಿನಾಂಕ ಹೇಳಿ, ಆ ದಿನ ನೀವು ಆದಾಯ ಇಲ್ಲ ಎಂದು ಸುಳ್ಳು ಪ್ರಮಾಣಪತ್ರ ಕೊಟ್ಟಿದ್ದೀರಿ ಎಂದರೆ ಸರಿಯೇ ಎಂದರು. ಸರಿ ಎಂದೆ. ನ್ಯಾಯಾಧೀಶರು ಬೆರಳಚ್ಚುಗಾರರಿಗೆ ಹೇಳಿ ಬರೆಸಿದರು, ‘ಎಂದರೆ ಸರಿ’. ಆಮೇಲೆ ಆ ವಕೀಲರು ನಿಧಾನಕ್ಕೆ ಆ ರಾತ್ರಿಯ ವಿಷಯಕ್ಕೆ ಬಂದರು, ನನ್ನ ಎಡಗೈ ಮುರಿದ ರಾತ್ರಿ. ಆದಾಯದ ಬಗ್ಗೆ ಸುಳ್ಳು ಹೇಳಿದ ಹಾಗೆಯೇ ಈ ಘಟನೆಯ ಬಗ್ಗೆಯೂ ಸುಳ್ಳು ಹೇಳುತ್ತಿದ್ದೀರಿ ಎಂದರೆ ಸರಿಯೇ? ಸರಿಯಲ್ಲ ಎಂದೆ. ಧ್ವನಿ ನಡುಗಿತು. ಇನ್ನೊಮ್ಮೆ ಗಟ್ಟಿಯಾಗಿ ಹೇಳಿ ಎಂದರು ನ್ಯಾಯಾಧೀಶರು. ಹೇಳಿದೆ. ‘ಎಂದರೆ ಸರಿಯಲ್ಲ’ ಎಂದು ಅದರ ಕೆಳಗೇ ಅಚ್ಚಾಯಿತು. ಎರಡೂ ಉತ್ತರ ಒಂದೇ ಹಾಳೆಯಲ್ಲಿವೆ. ತೀರ್ಪು ಬರೆಯುವವರು ಒಂದನ್ನು ಓದಿ ಇನ್ನೊಂದನ್ನು ನಂಬಬೇಕು. ಇಷ್ಟು ಕಷ್ಟದ ಕೆಲಸವನ್ನು ಅವರಿಗೆ ಕೊಡುವ ಅಗತ್ಯವೇ ಇರಲಿಲ್ಲ. ಕೈ ಮುರಿದದ್ದಕ್ಕೆ ಆಸ್ಪತ್ರೆಯ ಚೀಟಿ ಇದೆ, ಎಕ್ಸ್‌ರೇ ಇದೆ. ಹೇಗೆ ಮುರಿಯಿತು ಎನ್ನುವುದಕ್ಕೆ ನನ್ನ ಮಾತು ಬಿಟ್ಟರೆ ಬೇರೆ ಸಾಕ್ಷಿ ಇಲ್ಲ.

ಈಗ ಕುಚ್ಚು ಹಾಕಿಸಲು ಬರುವ ಹೆಣ್ಣುಮಕ್ಕಳಲ್ಲಿ ಒಬ್ಬಿಬ್ಬರು ಬಾಗಿಲು ಮುಂದಕ್ಕೆ ಮಾಡಿ, ತಗ್ಗಿದ ದನಿಯಲ್ಲಿ ಕೋರ್ಟಿನ ವಿಚಾರ ಕೇಳುತ್ತಾರೆ. ನಾನು ವಕೀಲಳಲ್ಲ, ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ ಎಂದೇ ಹೇಳುತ್ತೇನೆ. ಅಲ್ಲಿ ಕೇಳಿದ್ದಕ್ಕೆಲ್ಲ ಇದ್ದದ್ದು ಇದ್ದ ಹಾಗೆ ಹೇಳಿ ಎಂದೂ ಸೇರಿಸುತ್ತೇನೆ. ಹಪ್ಪಳ ಮಾಡಿ ಮಾರುವವಳೊಬ್ಬಳು, “ಅದನ್ನೂ ಹೇಳಬೇಕೇನಕ್ಕಾ, ಅದೇನ್ ಆದಾಯ?” ಎಂದಳು. ಅವಳಿಗೆ ನನ್ನ ಹೈಕೋರ್ಟಿನ ಆದೇಶದ ಜೆರಾಕ್ಸು ತೆಗೆದು, ಆ ಸಾಲಿನ ಮೇಲೆ ಬೆರಳಿಟ್ಟು ಓದಿಸಿದೆ.

ಮಗಳು ಹೈಸ್ಕೂಲಿಗೆ ಬಂದಳು. ಫೀಸು, ಬಸ್ಸು, ಪುಸ್ತಕ ಎಲ್ಲ ಏರಿವೆ. ಅವಳ ಮೊತ್ತ ಹೆಚ್ಚಿಸಲು ಕೇಳುವ ಅರ್ಜಿ ಸಿದ್ಧವಾಗಿದೆ. ಜೊತೆಗೆ ಮತ್ತೊಂದು ಪ್ರಮಾಣಪತ್ರ. ಎರಡು ವರ್ಷದಿಂದ ಒಂದು ನೋಟುಬುಕ್ಕು ಇಟ್ಟಿದ್ದೇನೆ: ತಾರೀಖು, ಯಾರ ಸೀರೆ, ಯಾವ ನಮೂನೆ, ಬಂದದ್ದೆಷ್ಟು, ದಾರಕ್ಕೆ ಹೋದದ್ದೆಷ್ಟು. ಅದರ ಪುಟಗಳ ನಕಲನ್ನೂ ಹಾಕುತ್ತಿದ್ದೇವೆ, ಏನೂ ಬರೆಯದ ಆಷಾಢದ ಪುಟಗಳನ್ನೂ ಸೇರಿಸಿ. ಈ ವರ್ಷ ನನ್ನ ಗಳಿಕೆ ಹಿಂದಿಗಿಂತ ಹೆಚ್ಚಾಗಿದೆ, ಅದನ್ನೂ ಬರೆದಿದ್ದೇನೆ. ನನ್ನ ಪಾಲು ಇನ್ನಷ್ಟು ಇಳಿಯಬಹುದು ಎಂದು ಮೇಡಂ ಮೊದಲೇ ಹೇಳಿದ್ದಾರೆ. ಇಳಿಯಲಿ ಎಂದಿದ್ದೇನೆ.